ಅಡುಗೆಮನೆಯ ಚಕ್ಕುಬಂದಿ

ನಮ್ಮ ಮನೆಯ ಅಡುಗೆಮನೆ ನನ್ನ ಮಾಮಾನದು. ಉಳಿದ ಮನೆ ಅವ್ವನದು. ಹೈದರಾಬಾದಿನ ನಾರಾಯಣಗೂಡದ ಒಂದು ಗಲ್ಲಿಯ ಕೊನೆಯಲ್ಲಿ ಎರಡು ಕೋಣೆ, ಒಂದು ಪಡಸಾಲೆ ಮತ್ತು ಒಂದು ಅಡುಗೆಮನೆ ಇರುವ ಈ ಸಣ್ಣ ಮನೆಗೆ ಇಬ್ಬರು ಮಾಲೀಕರು ಹೇಗಾದರು ಎಂದು ಯಾರಾದರೂ ಕೇಳಿದರೆ ನಾವು ಸಾಮಾನ್ಯವಾಗಿ ಮಾತು ಬದಲಿಸುತ್ತೇವೆ. ಹೇಳಲು ಹೊರಟರೆ ಕಾಯ್ದೆಯಿಂದ ಶುರು ಮಾಡಬೇಕಾಗುತ್ತದೆ. ಕಾಯ್ದೆಯನ್ನು ಮನೆಯೊಳಗೆ ತಂದವಳು ನಾನು.

ಅಜ್ಜ ಕಲಬುರಗಿ ಕಡೆಯಿಂದ ಬಂದು ಬೇಗಂ ಬಜಾರಿನಲ್ಲಿ ಒಣಮೆಣಸಿನಕಾಯಿ, ಹುಣಸೆಹಣ್ಣಿನ ಸಗಟು ವ್ಯಾಪಾರ ಮಾಡಿದವರು. ಮನೆಯನ್ನು ಅಜ್ಜಿಯ ಹೆಸರಿನಲ್ಲಿ ಕೊಂಡಿದ್ದರು. ಅವರು ಹೋದ ಮೇಲೆ ಅಂಗಡಿ ಮಾಮಾನ ಪಾಲಿಗೆ ಬಂತು. ಮಾಮಾ ಅಂದರೆ ಅವ್ವನ ತಮ್ಮ. ಹಿಮಾಯತ್‌ನಗರದಲ್ಲಿ ಮಾಮಿಯ ಜೊತೆ ಬೇರೆ ಮನೆ ಮಾಡಿಕೊಂಡಿದ್ದಾನೆ. ನನಗೆ ಆರು ವರ್ಷವಿದ್ದಾಗ ಅಪ್ಪ ತೀರಿಕೊಂಡರು. ಅವ್ವ ನನ್ನನ್ನು ಕರೆದುಕೊಂಡು ಅಜ್ಜಿಯ ಮನೆಗೆ ಬಂದಳು, ಹತ್ತಿರದ ಶಾಲೆಯಲ್ಲಿ ಗಣಿತ ಕಲಿಸುವ ಕೆಲಸ ಹಿಡಿದಳು. ಅಂದಿನಿಂದ ಇಪ್ಪತ್ತು ವರ್ಷ ಅವ್ವ ಅಡುಗೆ ಮಾಡಿದಳು, ಅಜ್ಜಿ ಉಂಡಳು, ಉಂಡ ಮೇಲೆ ಉಪ್ಪು ಹೆಚ್ಚಾಗಿತ್ತೋ ಕಡಿಮೆಯಾಗಿತ್ತೋ ಎಂದು ಹೇಳಿದಳು.

ಎಪ್ಪತ್ತೆಂಟು ತುಂಬಿದ ಮೇಲೆ ಅಜ್ಜಿ ಒಂದು ತೀರ್ಮಾನಕ್ಕೆ ಬಂದಳು. ಅಂಗಡಿ ಮಗನಿಗೆ ಹೋಗಿದೆ, ಮನೆ ಮಗಳಿಗೆ ಹೋಗಲಿ. ಮಾಮಾ ಒಂದು ಮಾತೂ ಎದುರಾಡಲಿಲ್ಲ. ಆಸ್ತಿಯ ವಿಷಯದಲ್ಲಿ ಜಗಳವಾಗದ ಮನೆ ನಮ್ಮದು ಎಂದು ನನಗೆ ಒಳಗೊಳಗೆ ಹೆಮ್ಮೆಯಿತ್ತು. ಆದರೂ ನಾನು ಎಚ್ಚರ ತಪ್ಪಲಿಲ್ಲ.

ನಾನು ಒಂದು ಕೋಚಿಂಗ್ ಸೆಂಟರಿನಲ್ಲಿ ಪ್ರಶ್ನೆಪತ್ರಿಕೆಗಳನ್ನು ಪರಿಶೀಲಿಸುತ್ತೇನೆ. ಒಂದು ಪ್ರಶ್ನೆಗೆ ಎರಡು ಉತ್ತರ ಬಾರದಂತೆ, ಯಾವ ವಿದ್ಯಾರ್ಥಿಯೂ ತಕರಾರು ತೆಗೆಯದಂತೆ ವಾಕ್ಯವನ್ನು ಬಿಗಿ ಮಾಡುವುದೇ ನನ್ನ ಸಂಬಳದ ಕೆಲಸ. ಹಾಗಾಗಿ ದಾನಪತ್ರದ ಮಾತು ಬಂದ ಕೂಡಲೆ ಹಿರಿಯ ನಾಗರಿಕರ ಪೋಷಣೆಯ ಕಾಯ್ದೆಯನ್ನು ತರಿಸಿ ಓದಿದೆ. ಅದರ ಇಪ್ಪತ್ತಮೂರನೆಯ ಕಲಂ ನನಗೆ ಬಹಳ ಹಿಡಿಸಿತು. ತಮ್ಮನ್ನು ನೋಡಿಕೊಳ್ಳಬೇಕೆಂಬ ಷರತ್ತಿನ ಮೇಲೆ ಹಿರಿಯರು ಆಸ್ತಿ ಬರೆದುಕೊಟ್ಟು, ಪಡೆದವರು ನೋಡಿಕೊಳ್ಳದಿದ್ದರೆ, ಆ ಪತ್ರವನ್ನು ರದ್ದು ಮಾಡಿಸಬಹುದು. ಷರತ್ತು ಪತ್ರದಲ್ಲೇ ಇದ್ದರೆ ಮುಂದೆ ವಾದಕ್ಕೆ ಆಸ್ಪದವಿಲ್ಲ. ನಾನೇ ಕೂತು ಷರತ್ತನ್ನು ಬರೆದೆ: ಪಡೆದವರು ದಾನಿಗೆ ಜೀವಿತಾವಧಿಯವರೆಗೆ ಇದೇ ಮನೆಯಲ್ಲಿ ವಾಸ, ದಿನಕ್ಕೆ ಎರಡು ಹೊತ್ತು ಊಟ, ಬಟ್ಟೆ ಮತ್ತು ಔಷಧವನ್ನು ತಪ್ಪದೆ ಒದಗಿಸತಕ್ಕದ್ದು.

ಪಡಸಾಲೆಯಲ್ಲಿ ಕೂತು ಅಜ್ಜಿಗೆ ಓದಿ ಹೇಳಿದೆ.

"ನಿಮ್ಮವ್ವ ನನಗ ಉಣ್ಣಾಕ ಹಾಕ್ತಾಳಂತ ಸರಕಾರಕ್ಕ ಬರದು ಕೊಡಬೇಕೇನು?" ಅಜ್ಜಿ ಕೇಳಿದಳು. "ಇಷ್ಟ ದಿನ ಯಾರು ಹಾಕಿದ್ರು, ತಹಶೀಲ್ದಾರ?"

"ನಾಳೆ ಹಾಕಲಿಲ್ಲಂದ್ರ ಅಜ್ಜಿ?"

"ಹಾಕಲಿಲ್ಲಂದ್ರ ನಾನ ಮಾಡ್ಕೊಂಡು ಉಣ್ತೀನಿ. ನನ್ನ ಕೈಯೇನು ಬಿದ್ದು ಹೋಗ್ಯಾವೇನು?"

ಅವ್ವ ಮೆಂತ್ಯ ಬಿಡಿಸುತ್ತ ಕೂತಿದ್ದಳು. ತಲೆ ಎತ್ತದೆ ಹೇಳಿದಳು: "ಬರೀಲಿ ಬಿಡವ್ವಾ. ಭಾಳ ಶಾಣ್ಯಾಕಿ ಅಕಿ. ಹೆತ್ತವ್ವನ ಮ್ಯಾಲೆ ನಂಬಿಕಿ ಇಲ್ಲ."

ಮಾಮಾ ಫೋನಿನಲ್ಲಿ ಕೇಳಿಸಿಕೊಂಡು ನಕ್ಕ. "ಬರೇ ಊಟ ಅಂತ ಬರದ್ರ ಹೆಂಗ? ಬಿಸಿ ಜ್ವಾಳದ ರೊಟ್ಟಿ, ಶೇಂಗಾ ಚಟ್ನಿ ಅಂತ ಹಾಕು. ಇಲ್ಲಾಂದ್ರ ನಮ್ಮಕ್ಕ ಅನ್ನ ಸಾರಿನಾಗ ಮುಗಿಸಿಬಿಡ್ತಾಳ."

ನೋಂದಣಿ ಕಚೇರಿಯ ಎದುರು ದಸ್ತಾವೇಜು ಬರೆಯುವವರು ತೆಲುಗಿನಲ್ಲಿ ಬಹಳ ಸೌಜನ್ಯದಿಂದ ವಿವರಿಸಿದರು: ಅವರ ಮಾದರಿಯಲ್ಲಿ 'ಸಹಜವಾದ ಪ್ರೀತಿ ವಾತ್ಸಲ್ಯಗಳಿಂದ' ಎಂದು ಇರುತ್ತದೆ, ತಾಯಿ ಮಗಳ ನಡುವೆ ಅಷ್ಟು ಸಾಕು, ಷರತ್ತು ಹಾಕಿದರೆ ಓದಿದವರಿಗೆ ಅನುಮಾನ ಬರುತ್ತದೆ. ಪ್ರೀತಿ ವಾತ್ಸಲ್ಯಗಳನ್ನು ನ್ಯಾಯಾಲಯದಲ್ಲಿ ಜಾರಿ ಮಾಡಿಸಲು ಆಗುವುದಿಲ್ಲ ಎಂದು ನಾನು ಹೇಳಿದೆ. ಅವರು ನನ್ನನ್ನೊಮ್ಮೆ, ಅವ್ವನನ್ನೊಮ್ಮೆ ನೋಡಿ ಷರತ್ತು ಸೇರಿಸಿದರು. ಒಳಗೆ ಅಧಿಕಾರಿ ಅಜ್ಜಿಯನ್ನು, ಮನಸ್ಸಿದ್ದು ಕೊಡುತ್ತಿದ್ದೀರಾ ಎಂದು ಕೇಳಿದರು. ಅಜ್ಜಿ ತನ್ನ ಬೇಗಂ ಬಜಾರಿನ ಹಿಂದಿಯಲ್ಲಿ "ಖುಷೀ ಸೇ" ಎಂದು ಹೆಬ್ಬೆರಳು ಒತ್ತಿದಳು.

ಮನೆಗೆ ಬಂದಾಗ ಮಧ್ಯಾಹ್ನ. ಅವ್ವ ಬೆಳಿಗ್ಗೆಯೇ ಎದ್ದು ಹೋಳಿಗೆ ಮಾಡಿಟ್ಟಿದ್ದಳು. ಅಜ್ಜಿಯ ಮುಂದೆ ತಾಟು ಇಟ್ಟು ತುಪ್ಪ ಹಾಕಿದಳು. ಅಜ್ಜಿ ತಾಟನ್ನು ನೋಡಿ, ಎರಡು ಬೆರಳಿನಿಂದ ಮೆಲ್ಲನೆ ಮುಂದಕ್ಕೆ ಸರಿಸಿದಳು.

"ಯಾಕವ್ವಾ? ಆರಾಮ ಇಲ್ಲೇನು?"

"ಆರಾಮ ಐತಿ. ಮಗಳ ಮನ್ಯಾಗ ಹೆಂಗ ಉಣ್ಲಿ?"

ನಾವಿಬ್ಬರೂ ನಕ್ಕೆವು. ಅಜ್ಜಿ ನಗಲಿಲ್ಲ.

ಕೊಟ್ಟ ಹೆಣ್ಣಿನ ಮನೆಯಲ್ಲಿ ತಂದೆತಾಯಿ ಅನ್ನ ನೀರು ಮುಟ್ಟಬಾರದು ಎಂಬ ಪದ್ಧತಿ ನಮ್ಮವರಲ್ಲಿದೆ ಎಂದು ನನಗೆ ಗೊತ್ತಿತ್ತು. ಗೊತ್ತಿದ್ದದ್ದು ಪುಸ್ತಕದ ವಿಷಯದಂತೆ. ಅಪ್ಪ ಇದ್ದಾಗ ನಮ್ಮ ಬಾಡಿಗೆ ಮನೆಗೆ ಅಜ್ಜಿ ಬರುವಾಗಲೆಲ್ಲ ಒಂದು ಸ್ಟೀಲ್ ತಂಬಿಗೆಯಲ್ಲಿ ನೀರು ತರುತ್ತಿದ್ದದ್ದು ಆಗ ನೆನಪಾಯಿತು. ನಗರದ ನೀರಿನ ಬಗ್ಗೆ ಅವಳಿಗೆ ಕಾಳಜಿ ಎಂದು ನಾನು ಇಷ್ಟು ವರ್ಷ ತಿಳಿದಿದ್ದೆ. ಇಪ್ಪತ್ತು ವರ್ಷ ಅವಳು ಅವ್ವನ ಕೈಯಡುಗೆ ಉಂಡದ್ದು ಮನೆ ತನ್ನದಾಗಿತ್ತು ಎಂಬ ಕಾರಣಕ್ಕೆ. ಹೆಬ್ಬೆರಳು ಒತ್ತಿದ ಕ್ಷಣದಿಂದ ಅದು ಮಗಳ ಮನೆ. ಮಗಳಿಗೆ ಗಂಡು ಮಗು ಹುಟ್ಟಿದ ಮೇಲೆ ಉಣ್ಣಬಹುದು ಎಂಬ ವಿನಾಯಿತಿಯೂ ಪದ್ಧತಿಯಲ್ಲಿದೆಯಂತೆ. ಅವ್ವನಿಗೆ ಹುಟ್ಟಿದವಳು ನಾನಾದ್ದರಿಂದ ಆ ವಿನಾಯಿತಿ ನಮಗೆ ಅನ್ವಯಿಸಲಿಲ್ಲ.

ಪಡೆದವರು ಒದಗಿಸತಕ್ಕದ್ದು ಎಂದು ನಾನು ಬರೆದಿದ್ದೆ. ದಾನಿಯು ಉಣ್ಣತಕ್ಕದ್ದು ಎಂದು ಬರೆಯಬೇಕೆಂದು ಹೊಳೆದಿರಲಿಲ್ಲ.

ಸಂಜೆ ಅವ್ವ ತಡೆಯಲಾರದೆ ಹೇಳಿದಳು: "ಹಂಗಾದ್ರ ಮನಿ ನೀನ ತಿರುಗಿ ತಗೋ. ನಾಳೇನ ಹೋಗಿ ಬರದು ಕೊಡ್ತೀನಿ."

"ಕೊಟ್ಟದ್ದು ತಿರುಗಿ ತಗೊಂತಾರೇನ? ಯಾರರೆ ಕೇಳಿದ್ರ ನಗ್ತಾರ."

"ಕೊಟ್ಟ ಮಗಳು ನಾನ ತಿರುಗಿ ಬರ್ಲಿಲ್ಲೇನವ್ವಾ?"

"ನೀ ಬಂದಿದ್ದು ನನ್ನ ಮನೀಗೆ," ಎಂದಳು ಅಜ್ಜಿ.

ಒಂದು ವಾರದೊಳಗೆ ಒಂದು ವ್ಯವಸ್ಥೆ ತಾನಾಗಿ ಬೆಳೆಯಿತು. ಬೆಳಿಗ್ಗೆ ಅಜ್ಜಿ ಆಟೊ ಹತ್ತಿ ಹಿಮಾಯತ್‌ನಗರಕ್ಕೆ ಹೋಗಿ ಮಗನ ಮನೆಯಲ್ಲಿ ಉಂಡು ಬರುವಳು. ಸಂಜೆಗೆ ಮಾಮಿ ಕಟ್ಟಿಕೊಟ್ಟ ಡಬ್ಬಿ. ಅದನ್ನೂ ಮನೆಯೊಳಗೆ ಬಿಚ್ಚುವಂತಿರಲಿಲ್ಲ, ಮೆಟ್ಟಿಲ ಮೇಲೂ ಇಲ್ಲ, ಮೆಟ್ಟಿಲು ಮಗಳದೇ. ಗೇಟಿನ ಹೊರಗೆ ಚಹಾ ಅಂಗಡಿಯ ಪಕ್ಕದ ಕಲ್ಲುಬೆಂಚು ಮಾತ್ರ ಸರಕಾರದ್ದು. ಅಲ್ಲಿ ಕೂತು ಉಂಡು, ಚಹಾ ಅಂಗಡಿಯವನಿಂದ ನೀರು ಇಸಿದುಕೊಂಡು ಕುಡಿದು, ಒಳಗೆ ಬಂದು ಟಿ.ವಿ. ಹಚ್ಚುವಳು. ವಾಸ, ಬಟ್ಟೆ, ಔಷಧದ ಬಗ್ಗೆ ಅವಳ ತಕರಾರು ಇರಲಿಲ್ಲ. "ಗುಳಿಗಿ ಏನು ಊಟ ಅಲ್ಲಲ್ಲ," ಎನ್ನುವಳು. ನನ್ನ ಷರತ್ತಿನ ನಾಲ್ಕು ಅಂಶಗಳಲ್ಲಿ ಮೂರನ್ನು ಅವಳು ಸಂತೋಷದಿಂದ ಸ್ವೀಕರಿಸಿದ್ದಳು.

ಅವ್ವ ಎರಡೂ ಹೊತ್ತು ತಾಟು ಇಡುವುದನ್ನು ಬಿಡಲಿಲ್ಲ. ಇಟ್ಟು, ಸ್ವಲ್ಪ ಹೊತ್ತು ಕಾದು, ಮೇಲೊಂದು ತಾಟು ಮುಚ್ಚುವಳು. ಆಮೇಲೆ ಅದನ್ನೇ ತಾನು ಉಣ್ಣುವಳು, ಅಥವಾ ಉಣ್ಣುವಳು ಎಂದು ನಾನು ಅಂದುಕೊಂಡಿದ್ದೆ. ಅವಳ ಬಳೆಗಳು ಮೊಣಕೈವರೆಗೆ ಜಾರತೊಡಗಿದಾಗ ನನಗೆ ಅನುಮಾನ ಬಂತು.

ಬೇಸಿಗೆ ಬಂತು. ಅಜ್ಜಿಗೆ ಷುಗರ್. ಬೆಳಗಿನ ಗುಳಿಗೆ ತೆಗೆದುಕೊಂಡ ಅರ್ಧ ಗಂಟೆಯೊಳಗೆ ತಿನ್ನಬೇಕು. ಒಂದು ದಿನ ಆಟೊ ಸಿಗಲಿಲ್ಲ. ಅವಳು ಕಲ್ಲುಬೆಂಚಿನ ಮೇಲೆ ಕಾಯುತ್ತ ಕೂತಿದ್ದಳು. ನಾನು ಕೆಲಸಕ್ಕೆ ಹೊರಟು ಗೇಟು ತೆರೆಯುವಷ್ಟರಲ್ಲಿ ಪಕ್ಕಕ್ಕೆ ವಾಲಿ ಬಿದ್ದಳು. ಚಹಾ ಅಂಗಡಿಯವನು ಬಾಯಿಗೆ ಸಕ್ಕರೆ ಹಾಕಿದ. ಹತ್ತು ಹೆಜ್ಜೆ ಒಳಗೆ ಅವ್ವ ಮಾಡಿದ ಉಪ್ಪಿಟ್ಟು ಒಲೆಯ ಮೇಲೆ ಬಿಸಿಯಾಗಿಯೇ ಇತ್ತು.

ಇನ್ನೊಂದು ಸಲ ಹೀಗಾದರೆ ಜೀವಕ್ಕೆ ಅಪಾಯ ಎಂದರು ಡಾಕ್ಟರು. ಹೊತ್ತಿಗೆ ಸರಿಯಾಗಿ ಮನೆಯಲ್ಲಿ ಯಾಕೆ ಊಟ ಕೊಡುವುದಿಲ್ಲ ಎಂದು ಅವ್ವನನ್ನು ಕೇಳಿದರು. ಮಾಮಾ ತಾಯಿಯನ್ನು ತನ್ನ ಮನೆಗೇ ಬಂದಿರಲು ಕರೆದ. "ನಿಮ್ಮದು ಮೂರನೇ ಮಾಳಗಿ. ನನ್ನ ಮೊಣಕಾಲು ಕೇಳಬೇಕಲ್ಲ? ದಿನಾ ಒಮ್ಮೆ ಹತ್ತೂದ ಸಾಕಾಗೇತಿ," ಎಂದಳು ಅಜ್ಜಿ. ಬಾಯಿಬಿಟ್ಟು ಹೇಳದ ಕಾರಣ ಬೇರೆ ಇತ್ತು. ಮಗಳನ್ನು ಬಿಟ್ಟು ಒಂದು ರಾತ್ರಿಯೂ ಅವಳಿಗೆ ನಿದ್ದೆ ಬರುವುದಿಲ್ಲ.

ಎದುರು ಮನೆಯ ನಿವೃತ್ತ ನೌಕರರೊಬ್ಬರು ಇದನ್ನೆಲ್ಲ ನೋಡುತ್ತಿದ್ದರು. ಕೆಟ್ಟವರಲ್ಲ. ಹಿರಿಯರ ಸಂಘದಲ್ಲಿ ಓಡಾಡುವವರು. ಒಮ್ಮೆ ಅಜ್ಜಿಯನ್ನು, ಮನೆಯಲ್ಲಿ ಊಟ ಮಾಡುವುದಿಲ್ಲವೇ ಎಂದು ಕೇಳಿದರಂತೆ. "ಮನಿ ಮಗಳ ಹೆಸರೀಗೆ ಬರದು ಕೊಟ್ಟೀನ್ರಿ. ಇನ್ನ ಅಲ್ಲಿ ನನಗ ಊಟ ಇಲ್ಲ," ಎಂದು ಅಜ್ಜಿ ತನ್ನ ಮುರುಕು ತೆಲುಗಿನಲ್ಲಿ ಹೇಳಿದ್ದಳು. ಅದರಲ್ಲಿ ಒಂದಕ್ಷರವೂ ಸುಳ್ಳಿರಲಿಲ್ಲ. ಅವರು ನೋಂದಣಿ ಕಚೇರಿಯಿಂದ ದಾನಪತ್ರದ ನಕಲು ತೆಗೆಸಿ, ಹಿರಿಯ ನಾಗರಿಕರ ಅಹವಾಲು ಕೇಳುವ ಅಧಿಕಾರಿಗೆ ದೂರು ಕೊಟ್ಟರು. ನಮಗೆ ನೋಟಿಸು ಬಂದಾಗ ಜೊತೆಗಿದ್ದ ನಕಲಿನಲ್ಲಿ ಒಂದು ವಾಕ್ಯದ ಕೆಳಗೆ ಕೆಂಪು ಗೆರೆ ಎಳೆದಿತ್ತು. ಅದು ನನ್ನ ವಾಕ್ಯ. ಕೆಂಪು ಗೆರೆಯ ಮೇಲೆ ಇನ್ನೂ ಬಿಗಿಯಾಗಿ ಕಾಣುತ್ತಿತ್ತು.

ಅವ್ವ ಕನ್ನಡಕ ಹಾಕಿಕೊಂಡು ನೋಟಿಸನ್ನು ಎರಡು ಸಲ ಓದಿದಳು. ಅತ್ತುಬಿಡುತ್ತಾಳೆ ಎಂದು ನಾನು ಕಾದೆ. ಆದರೆ ಅವಳ ಮುಖ ಅರಳಿತು.

"ದಾನಪತ್ರ ರದ್ದಾದ್ರ ಮನಿ ಯಾರದಾಗ್ತೈತಿ?"

"ಅಜ್ಜೀದು."

"ಅಕಿ ತಿರುಗಿ ತಗೊಂಡಂಗ ಆಗಂಗಿಲ್ಲಲ್ಲ? ಸರಕಾರ ಕೊಡಿಸಿದಂಗ ಆಗ್ತೈತಿ."

"ಆದ್ರ ನೀ ಊಟ ಹಾಕಲಿಲ್ಲಂತ ಒಪ್ಕೋಬೇಕಾಗ್ತೈತಿ ಅವ್ವಾ. ಕಾಗದದ ಮ್ಯಾಲೆ ಬರ್ತೈತಿ. ಸಾಲ್ಯಾಗ ಗೊತ್ತಾಗ್ತೈತಿ."

"ಗೊತ್ತಾಗ್ಲಿ. ಅಕಿ ಉಣ್ಲಿ."

ತಾಯಿಗೆ ಅನ್ನ ಹಾಕಲು ಇದ್ದ ಒಂದೇ ದಾರಿ ತಾಯಿಗೆ ಅನ್ನ ಹಾಕಿಲ್ಲ ಎಂದು ಒಪ್ಪಿಕೊಳ್ಳುವುದು. ಅಜ್ಜಿಗೆ ನಾವು ಈ ಯೋಜನೆಯನ್ನು ಹೇಳಲಿಲ್ಲ.

ವಿಚಾರಣೆಯ ದಿನ ಕಚೇರಿಯ ಮೊಗಸಾಲೆಯಲ್ಲಿ ಬಹಳ ಮಂದಿ ಹಿರಿಯರಿದ್ದರು. ಒಬ್ಬ ಮುದುಕರು ಪ್ಲಾಸ್ಟಿಕ್ ಚೀಲದಲ್ಲಿ ಕಾಗದಗಳನ್ನು ಮಡಿಲಲ್ಲಿಟ್ಟುಕೊಂಡು ಕೂತಿದ್ದರು. ಅವರ ಮಗ ನಾಲ್ಕು ಕುರ್ಚಿ ಆಚೆ ಮೊಬೈಲು ನೋಡುತ್ತಿದ್ದ. ಮುದುಕರು ಆಗಾಗ ಅವನ ಕಡೆ ನೋಡುತ್ತಿದ್ದರು, ಅವನು ಒಮ್ಮೆಯೂ ನೋಡಲಿಲ್ಲ. ಈ ಕಾಯ್ದೆ ಯಾರಿಗಾಗಿ ಬರೆಯಲ್ಪಟ್ಟಿತೆಂಬುದು ಕಣ್ಣೆದುರಿಗೇ ಇತ್ತು. ಅವರ ಸರದಿಯ ಹೊತ್ತನ್ನು ನಾವು ತಿನ್ನುತ್ತಿದ್ದೇವೆ ಎಂದು ನನಗೆ ನಾಚಿಕೆಯಾಯಿತು.

ಅಧಿಕಾರಿ ಅವ್ವನ ವಯಸ್ಸಿನ ಮಹಿಳೆ. ದೂರನ್ನು ಓದಿ, ತಾಯಿಗೆ ಊಟ ಕೊಟ್ಟಿಲ್ಲವೇ ಎಂದು ತೆಲುಗಿನಲ್ಲಿ ಕೇಳಿದರು. ಅವ್ವ ತರಗತಿಯಲ್ಲಿ ಹಾಜರಿ ಕರೆಯುವಷ್ಟು ಸ್ಪಷ್ಟವಾಗಿ ಹೇಳಿದಳು: "ಪೆಟ್ಟಲೇದಮ್ಮಾ." ಹಾಕಿಲ್ಲ.

ಅಜ್ಜಿ ಮೇಜು ಹಿಡಿದು ಎದ್ದು ನಿಂತಳು. ಸಿಟ್ಟು ಬಂದರೆ ಅವಳಿಗೆ ಹೈದರಾಬಾದಿನ ಬೇರೆ ಭಾಷೆಗಳೆಲ್ಲ ಮರೆತು ಕನ್ನಡ ಒಂದೇ ಉಳಿಯುತ್ತದೆ.

"ಸುಳ್ಳು ಹೇಳಾಕತ್ತಾಳ್ರಿ! ಎರಡೂ ಹೊತ್ತು ನನ್ನ ಮುಂದ ತಾಟ ತಂದಿಟ್ಟಾಳ. ಒಂದ ದಿನ ತಪ್ಪಿಸಿಲ್ಲ. ಉಣಲಾರದಾಕಿ ನಾನು. ನನ್ನ ಮಗಳಿಗೆ ಯಾರರೆ ಏನರೆ ಅಂದ್ರ ನಾ ಕೇಳಂಗಿಲ್ಲ!"

ಅಧಿಕಾರಿ ನನ್ನ ಕಡೆ ನೋಡಿದರು. ಕನ್ನಡ ಅವರಿಗೆ ಬರುತ್ತಿರಲಿಲ್ಲ. ಅವ್ವನೂ ನನ್ನ ಕಡೆ ನೋಡಿದಳು. ಒಂದು ಪದ ಸಡಿಲಿಸಿದ್ದರೆ ಸಾಕಿತ್ತು. ತಾಟು ಇಟ್ಟದ್ದನ್ನು ಬಿಟ್ಟು ಉಣ್ಣದ್ದನ್ನಷ್ಟೇ ಹೇಳಿದ್ದರೆ ಸಾಕಿತ್ತು. ನಾನು ಪ್ರತಿ ಪದವನ್ನೂ ಸರಿಯಾಗಿ ತೆಲುಗಿಗೆ ತಂದೆ. ಯಾಕೆಂದು ಅವ್ವ ಆಮೇಲೆ ಕೇಳಲಿಲ್ಲ. ಕೇಳಿದ್ದರೆ ಅಭ್ಯಾಸ ಎನ್ನುತ್ತಿದ್ದೆ. ಅವ್ವನ ಹೆಸರು ಆ ಕಾಗದದಲ್ಲಿ ಹಾಗೆ ಉಳಿಯುವುದನ್ನು ನನ್ನಿಂದ ನೋಡಲಾಗಲಿಲ್ಲ ಎನ್ನುವುದು ಹೆಚ್ಚು ಸರಿಯಾದ ಉತ್ತರ.

"ಮತ್ತೆ ಯಾಕೆ ಉಣ್ಣುವುದಿಲ್ಲ?" ಅಧಿಕಾರಿ ಕೇಳಿದರು.

"ನಿಮ್ಮ ತಾಯಿ ನಿಮ್ಮ ಮನ್ಯಾಗ ಉಣ್ತಾರೇನ್ರಿ?" ಅಜ್ಜಿ ತಿರುಗಿ ಕೇಳಿದಳು.

ಅದನ್ನೂ ಅನುವಾದಿಸಿದೆ. ಅಧಿಕಾರಿ ಕನ್ನಡಕ ತೆಗೆದು ಸೆರಗಿನಲ್ಲಿ ಒರೆಸಿಕೊಂಡರು. ಆಮೇಲೆ, ನಿರ್ಲಕ್ಷ್ಯ ಕಂಡುಬಂದಿಲ್ಲ, ಕುಟುಂಬದವರು ಕೂತು ಬಗೆಹರಿಸಿಕೊಳ್ಳಬೇಕು ಎಂದು ಬರೆದು ಕಡತ ಮುಚ್ಚಿದರು. ಕಾಯ್ದೆಯ ಪ್ರಕಾರ ಅವ್ವ ನಿರ್ದೋಷಿ. ಅಜ್ಜಿ ಬೆಳಗಿನಿಂದ ಉಪವಾಸ.

ಹೊರಗೆ ಮಾಮಾ ಡಬ್ಬಿ ಹಿಡಿದು ನಿಂತಿದ್ದ. ಸರಕಾರಿ ಬೆಂಚಿನ ಮೇಲೆ ಅಜ್ಜಿ ರೊಟ್ಟಿ ಮುರಿದಳು. ನಡೆದದ್ದನ್ನು ಕೇಳಿ ಮಾಮಾ ಹಣೆ ಬಡಿದುಕೊಂಡ.

"ಏನ್ ಮಂದಿ ಅದೀರಿ ನೀವು! ಒಬ್ಬಾಕಿ ಮಾಡದ ತಪ್ಪು ಒಪ್ಕೊಂತಾಳ, ಒಬ್ಬಾಕಿ ಬಿಡಿಸಿ ಬರ್ತಾಳ. ಇಷ್ಟೆಲ್ಲಾ ಯಾಕ ಅಕ್ಕಾ, ಅಡಿಗೀಮನಿ ಒಂದು ನನ್ನ ಹೆಸರಿಗೆ ಬರದುಬಿಡು. ಮಗನ ಅಡಿಗೀಮನ್ಯಾಗ ಉಣ್ಣಾಕ ಈಕಿಗೆ ಯಾವ ಶಾಸ್ತ್ರ ಅಡ್ಡ ಬರ್ತೈತಿ ನೋಡೂಣು."

ತಮಾಷೆಗೆ ಹೇಳಿದ್ದು. ತಾನೇ ಮೊದಲು ನಕ್ಕ. ಆದರೆ ಅಜ್ಜಿಯ ಕೈ ರೊಟ್ಟಿಯ ಚೂರಿನೊಂದಿಗೆ ಅರ್ಧದಲ್ಲಿ ನಿಂತಿತ್ತು.

"ಹಂಗ ಬರ್ಯಾಕ ಬರ್ತೈತೇನ?" ಎಂದು ನನ್ನನ್ನು ಕೇಳಿದಳು.

ಬರುತ್ತದೆ ಎಂದೆ. ಅಳತೆ, ನಾಲ್ಕು ದಿಕ್ಕಿನ ಚಕ್ಕುಬಂದಿ ಕೊಟ್ಟರೆ ಮನೆಯ ಒಂದು ಭಾಗವನ್ನು ಬರೆದುಕೊಡಬಹುದು.

"ಮತ್ತ ಮದ್ಲ ಯಾಕ ಹೇಳಲಿಲ್ಲ?" ಅಜ್ಜಿ ನನ್ನನ್ನು ಬೈದಳು. "ಇಷ್ಟ ಓದೀ, ಇಷ್ಟ ತಿಳೀಲಿಲ್ಲ ನಿನಗ."

ಭಾನುವಾರ ನಾನು ಟೇಪು ಹಿಡಿದು ಅಡುಗೆಮನೆ ಅಳೆದೆ. ಪೂರ್ವಕ್ಕೆ ಪಡಸಾಲೆ, ದಕ್ಷಿಣಕ್ಕೆ ಬಚ್ಚಲು, ಪಶ್ಚಿಮಕ್ಕೆ ಕಾಂಪೌಂಡಿನ ಸಂದಿ, ಉತ್ತರಕ್ಕೆ ನೆರೆಮನೆಯ ಗೋಡೆ. ಹೊಸ್ತಿಲು ಯಾರದೆಂಬ ಪ್ರಶ್ನೆ ಬಂತು. "ನನ್ನ ಮಗಂದು," ಎಂದು ಅಜ್ಜಿ ತೀರ್ಪು ಕೊಟ್ಟಳು. ಅಡುಗೆಮನೆಯ ಮಾಲೀಕರಿಗೆ ಪಡಸಾಲೆಯ ಮೂಲಕ ಹಾದುಹೋಗುವ ಹಕ್ಕನ್ನೂ ಬರೆದೆ. ದಸ್ತಾವೇಜು ಬರೆಯುವವರು ಹಳೆಯ ಪರಿಚಯದವರಂತೆ ನಮಗೆ ಕುರ್ಚಿ ಹಾಕಿದರು. ಕಾಗದ ಓದಿ ಮತ್ತೆ ಮೊದಲಿನಿಂದ ಓದಿದರು. ಅಡುಗೆಮನೆಯೊಂದನ್ನೇ ಯಾರೂ ಅವರಿಂದ ಬರೆಸಿರಲಿಲ್ಲವಂತೆ. ಈ ಸಲವೂ ಊಟದ ಷರತ್ತು ಹಾಕಬೇಕೇ ಎಂದು ನನ್ನನ್ನು ಕೇಳಿದರು. ಕೊಡುವವಳು ಅವ್ವ. ಅವಳಿಗೆ ಇನ್ನೂ ಅರವತ್ತಾಗಿಲ್ಲ. ಆ ಕಾಯ್ದೆಗೆ ಅವಳ ಪರಿಚಯವಿಲ್ಲ. ಬೇಡ ಎಂದೆ. 'ಸಹಜವಾದ ಪ್ರೀತಿ ವಾತ್ಸಲ್ಯಗಳಿಂದ' ಎಂಬ ಅವರ ಮಾದರಿಯ ವಾಕ್ಯ ಹಾಗೇ ಉಳಿಯಿತು. ನಾನು ಅದನ್ನು ತಿದ್ದಲಿಲ್ಲ.

ಹೆಣ್ಣುಮಕ್ಕಳಿಗೆ ಅಡುಗೆಮನೆಯೊಂದನ್ನು ಬಿಟ್ಟರೆ ಬೇರೇನೂ ಸಿಗುವುದಿಲ್ಲ ಎಂದು ಕಾಲೇಜಿನಲ್ಲಿ ನಾವು ಬಹಳ ಚರ್ಚಿಸಿದ್ದೆವು. ಅವ್ವನಿಗೆ ಇಡೀ ಮನೆ ಸಿಕ್ಕಿತು, ಅಡುಗೆಮನೆಯೊಂದನ್ನು ಬಿಟ್ಟು.

ಆ ಮಧ್ಯಾಹ್ನ ಅಜ್ಜಿ ಅಡುಗೆಮನೆಯೊಳಗೆ ಮಣೆ ಹಾಕಿಸಿಕೊಂಡು ಕೂತಳು. ಅವ್ವ ರೊಟ್ಟಿ ಬಡಿದು ಬಡಿದು ಒಲೆಯಿಂದ ನೇರ ತಾಟಿಗೆ ಹಾಕಿದಳು. ಹಿಟ್ಟು ಯಾರ ದುಡ್ಡಿನದೆಂದು ಅಜ್ಜಿ ಕೇಳಲಿಲ್ಲ, ನಾವೂ ಹೇಳಲಿಲ್ಲ. ಎರಡು ರೊಟ್ಟಿ ಉಂಡು, ಮೂರನೆಯದಕ್ಕೆ ಕೈ ಚಾಚಿ, "ಪಲ್ಯಾಕ ಉಪ್ಪು ಕಡಿಮಿ ಆಗೇತಿ," ಎಂದಳು. ಅವ್ವ ನಮಗೆ ಬೆನ್ನು ತಿರುಗಿಸಿ ಬಹಳ ಹೊತ್ತು ಉಪ್ಪಿನ ಡಬ್ಬಿ ಹುಡುಕಿದಳು. ಅದು ಅವಳ ಮುಂದೆಯೇ ಇತ್ತು.

ಮಾಮಾ ಈಗ ಭಾನುವಾರ ಬಂದಾಗ ಹೊಸ್ತಿಲಲ್ಲಿ ನಿಂತು, "ನನ್ನ ಅಡಿಗೀಮನ್ಯಾಗ ಏನ್ ನಡಿಸೀರಿ?" ಎಂದು ಗದರುತ್ತಾನೆ. ಮೊದಲ ವಾರ ನೀರು ಕುಡಿಯಲು ಒಳಗೆ ಹೋದವನು ಲೋಟ ಎಲ್ಲಿದೆಯೆಂದು ಗೊತ್ತಾಗದೆ ಎಲ್ಲ ಡಬ್ಬಿಗಳ ಮುಚ್ಚಳ ತೆಗೆದ.

"ಎಲ್ಲಿ ಇಟ್ಟೀರಿ?"

"ನಿಮ್ಮಕ್ಕನ್ನ ಕೇಳು," ಎಂದಳು ಅಜ್ಜಿ.

ಒಂದು ತೊಂದರೆ ಮಾತ್ರ ಉಳಿದಿತ್ತು. ಅಜ್ಜಿಯ ಧಾರಾವಾಹಿ ಶುರುವಾಗುವುದು ಸಂಜೆಯ ಊಟದ ಹೊತ್ತಿಗೆ. ಟಿ.ವಿ. ಇರುವುದು ಪಡಸಾಲೆಯಲ್ಲಿ, ಮಗಳ ಮನೆಯಲ್ಲಿ. ಅಜ್ಜಿ ಹೊಸ್ತಿಲಿನ ಒಳಬದಿಗೆ ಕೂತು ಕುತ್ತಿಗೆ ಚಾಚಿ ನೋಡುತ್ತಿದ್ದಳು. ಕಥೆ ಎಷ್ಟೇ ಬಿಸಿಯಾದರೂ ತಾಟು ಒಂದು ಬೆರಳು ಆಚೆ ಬರುತ್ತಿರಲಿಲ್ಲ. ಎರಡು ದಿನ ನೋಡಿ ಅವ್ವ ಟಿ.ವಿ. ಇಟ್ಟ ಮೇಜನ್ನು ತಿರುಗಿಸಿದಳು. ಟಿ.ವಿ. ಈಗಲೂ ಅವ್ವನ ಭಾಗದಲ್ಲೇ ಇದೆ. ಮುಖ ಮಾತ್ರ ಮಾಮಾನ ಕಡೆಗೆ.